ಕಾನೂನು ಸಲಹೆ: ಬಂದರಿನ ಕೆಲಸ, ಗಾಯ ಮತ್ತು ಪರಿಹಾರ

ಹಡಗಿನಿಂದ ಸರಕು ಇಳಿಸುವ, ಹಡಗಿಗೆ ಸರಕು ತುಂಬುವ ಕೆಲಸದಲ್ಲಿ ಗಾಯಗೊಂಡವರಿಂದಲೂ ಅವರ ಮನೆಯವರಿಂದಲೂ ಈಚೆಗೆ ಹಲವು ಪತ್ರಗಳು ಬಂದಿವೆ. ಅವುಗಳಲ್ಲಿ ಕೆಲವನ್ನು ಆರಿಸಿ ಈ ಸಂಚಿಕೆಯಲ್ಲಿ ಒಟ್ಟಿಗೆ ಉತ್ತರಿಸಿದ್ದೇನೆ. ಪತ್ರ ಬರೆದವರ, ಗುತ್ತಿಗೆದಾರರ ಮತ್ತು ಬಂದರುಗಳ ಹೆಸರನ್ನು ಉದ್ದೇಶಪೂರ್ವಕವಾಗಿ ಕೈಬಿಡಲಾಗಿದೆ.

ಎಲ್ಲ ಉತ್ತರಗಳಿಗೂ ಅನ್ವಯಿಸುವ ಮಾತೊಂದನ್ನು ಮೊದಲೇ ಹೇಳಿಬಿಡುತ್ತೇನೆ. ಕೆಲಸದ ವೇಳೆಯ ಗಾಯಕ್ಕೆ ಪರಿಹಾರ ಕೊಡಿಸುತ್ತಿದ್ದ 1923ರ ಕಾಯ್ದೆಯ (ಹಿಂದೆ ಇದನ್ನು ಕಾರ್ಮಿಕರ ಪರಿಹಾರ ಕಾಯ್ದೆ ಎನ್ನುತ್ತಿದ್ದರು, ಆಮೇಲೆ ಉದ್ಯೋಗಿಗಳ ಪರಿಹಾರ ಕಾಯ್ದೆ ಎಂದಾಯಿತು) ಜಾಗಕ್ಕೆ 2025ರ ನವೆಂಬರ್ 21ರಿಂದ ಸಾಮಾಜಿಕ ಭದ್ರತಾ ಸಂಹಿತೆ ಬಂದಿದೆ. ಡಾಕ್ (ಹಡಗುಕಟ್ಟೆ) ಕಾರ್ಮಿಕರ ಸುರಕ್ಷತೆಗೆಂದೇ ಇದ್ದ 1986ರ ಕಾಯ್ದೆಯೂ ಅದೇ ದಿನದಿಂದ ಔದ್ಯೋಗಿಕ ಸುರಕ್ಷತಾ ಸಂಹಿತೆಯೊಳಗೆ ಸೇರಿದೆ. ಪರಿಹಾರದ ಹಕ್ಕು ಹುಟ್ಟುವುದು ಅಪಘಾತ ನಡೆದ ದಿನ. ಹಾಗಾಗಿ 2025ರ ನವೆಂಬರ್ 21ಕ್ಕಿಂತ ಹಿಂದಿನ ಅಪಘಾತಗಳಿಗೆ ಹಳೆಯ ಕಾಯ್ದೆಯೇ ಅನ್ವಯಿಸುತ್ತದೆ. ಲೆಕ್ಕ ಹಾಕುವ ಸೂತ್ರ ಮಾತ್ರ ಎರಡರಲ್ಲೂ ಒಂದೇ ಆಗಿರುವುದರಿಂದ ಓದುಗರು ಗಾಬರಿಪಡಬೇಕಾಗಿಲ್ಲ.

ಪ್ರಶ್ನೆ: ನಮ್ಮದು ಕೊಪ್ಪಳ ಜಿಲ್ಲೆಯ ಒಂದು ಹಳ್ಳಿ. ನಮ್ಮ ಯಜಮಾನರಿಗೆ 40 ವರ್ಷ. ಪಶ್ಚಿಮ ಕರಾವಳಿಯ ಒಂದು ಬಂದರಿನಲ್ಲಿ ಮೇಸ್ತ್ರಿಯೊಬ್ಬರ ಕೈಕೆಳಗೆ ಕೆಲಸಕ್ಕಿದ್ದರು. ಹಡಗಿನಿಂದ ಮರದ ದಿಮ್ಮಿ ಇಳಿಸುವಾಗ ಸ್ಲಿಂಗ್ (ದಿಮ್ಮಿಗೆ ಸುತ್ತಿ ಎತ್ತುವ ತಂತಿ ಹಗ್ಗ) ಸರಿಮಾಡಲು ಕೈ ಇಟ್ಟಿದ್ದಾರೆ, ಅಷ್ಟರಲ್ಲೇ ಕ್ರೇನ್ ಎತ್ತಿದ್ದರಿಂದ ಬಲಗೈ ಹೆಬ್ಬೆರಳು ಬುಡದಿಂದಲೇ ಹೋಯಿತು. ಆಸ್ಪತ್ರೆಯ ಬಿಲ್ಲನ್ನು ಗುತ್ತಿಗೆದಾರರು ಕಟ್ಟಿದ್ದಾರೆ. ಈಗ ಒಂದೂವರೆ ಲಕ್ಷ ಕೊಡುತ್ತೇವೆ, ಮುಂದೆ ಏನೂ ಕೇಳುವುದಿಲ್ಲವೆಂದು ಸ್ಟಾಂಪ್ ಪೇಪರಿಗೆ ಇಬ್ಬರೂ ಸಹಿ ಹಾಕಿ ಎನ್ನುತ್ತಿದ್ದಾರೆ. ಗ್ಲೌಸ್ ಹಾಕದೆ ಕೆಲಸ ಮಾಡಿದ್ದರಿಂದ ತಪ್ಪು ನಿಮ್ಮದೇ ಎಂದೂ ಹೇಳುತ್ತಾರೆ. ತಿಂಗಳಿಗೆ ಸುಮಾರು 18,000 ರೂಪಾಯಿ ಕೈಗೇ ಕೊಡುತ್ತಿದ್ದರು, ಚೀಟಿ ಕೊಟ್ಟವರಲ್ಲ. ಸಹಿ ಹಾಕಬೇಕೋ ಬೇಡವೋ ತಿಳಿಸಿ.

ಉತ್ತರ: ಸಹಿ ಹಾಕಬೇಡಿ. ಒಂದು ವೇಳೆ ಈ ಪತ್ರಿಕೆ ನಿಮ್ಮ ಕೈಸೇರುವುದರೊಳಗೆ ಸಹಿ ಹಾಕಿಬಿಟ್ಟಿದ್ದರೂ ಧೈರ್ಯಗೆಡಬೇಡಿ. ಪರಿಹಾರದ ಹಕ್ಕನ್ನು ಬಿಟ್ಟುಕೊಡುವ ಅಥವಾ ಕಡಿಮೆ ಮಾಡುವ ಯಾವ ಒಪ್ಪಂದವೂ ಕಾನೂನಿನ ದೃಷ್ಟಿಯಲ್ಲಿ ಶೂನ್ಯ. ಮೊತ್ತದ ಬಗ್ಗೆ ರಾಜಿ ಆಗಬಹುದು, ಆದರೆ ಆ ರಾಜಿಪತ್ರವನ್ನು ಪರಿಹಾರ ಆಯುಕ್ತರ (ಇಂಥ ಪ್ರಕರಣಗಳನ್ನು ತೀರ್ಮಾನಿಸುವ ಅಧಿಕಾರಿ) ಮುಂದಿಟ್ಟು ನೋಂದಾಯಿಸಬೇಕು, ಮೊತ್ತ ತೀರಾ ಕಡಿಮೆಯೆಂದು ಕಂಡರೆ ಅವರು ನೋಂದಣಿಯನ್ನೇ ನಿರಾಕರಿಸಬಹುದು. ನೋಂದಣಿಯಾಗದ ಕಾಗದವನ್ನು ಹಿಡಿದುಕೊಂಡು ಮಾಲೀಕರು ಪೂರ್ತಿ ಹೊಣೆಯಿಂದ ತಪ್ಪಿಸಿಕೊಳ್ಳಲಾಗದು.

ಇನ್ನು ಮೊತ್ತದ ವಿಚಾರ. ಹೆಬ್ಬೆರಳು ಪೂರ್ತಿ ಹೋದರೆ ಗಳಿಕೆಯ ಸಾಮರ್ಥ್ಯದಲ್ಲಿ ಶೇ 30ರಷ್ಟು ನಷ್ಟವೆಂದು ಕಾಯ್ದೆಯ ಅನುಸೂಚಿಯೇ ಹೇಳುತ್ತದೆ. ತುದಿಯ ಗೆಣ್ಣು ಮಾತ್ರ ಹೋಗಿದ್ದರೆ ಅದು ಶೇ 20, ಹೆಬ್ಬೆರಳಿನ ಜೊತೆಗೆ ಅಂಗೈಯೊಳಗಿನ ಅದರ ಮೂಳೆಯೂ ಹೋಗಿದ್ದರೆ ಶೇ 40. ಆದ್ದರಿಂದ ಡಿಸ್‌ಚಾರ್ಜ್ ಪತ್ರದಲ್ಲಿ ಎಲ್ಲಿಯವರೆಗೆ ಕತ್ತರಿಸಿದ್ದಾರೆಂದು ಬರೆದಿರುವ ಆ ಒಂದು ಸಾಲನ್ನು ವೈದ್ಯರಿಂದ ಓದಿಸಿ ತಿಳಿದುಕೊಳ್ಳಿ. ಆ ಸಾಲಿನ ಮೇಲೆ ಲಕ್ಷಗಟ್ಟಲೆ ವ್ಯತ್ಯಾಸವಾಗುತ್ತದೆ. ಪೂರ್ಣ ಶಾಶ್ವತ ಅಂಗವೈಕಲ್ಯಕ್ಕೆ ತಿಂಗಳ ಕೂಲಿಯ ಶೇ 60ನ್ನು ವಯಸ್ಸಿಗೆ ನಿಗದಿಯಾದ ಗುಣಕದಿಂದ ಗುಣಿಸುತ್ತಾರೆ, 40 ವರ್ಷಕ್ಕೆ ಆ ಗುಣಕ 184.17. ನಿಮ್ಮವರ ಕೂಲಿ 18,000 ಆಗಿದ್ದರೂ ಲೆಕ್ಕಕ್ಕೆ ಹಿಡಿಯುವುದು 2020ರ ಜನವರಿಯಲ್ಲಿ ನಿಗದಿಯಾದ 15,000 ರೂಪಾಯಿಯ ಮಿತಿಯನ್ನು ಮಾತ್ರ. ಹಡಗುಕಟ್ಟೆಯಲ್ಲಿ ರಾತ್ರಿ ಪಾಳಿ ಮಾಡಿ ಅದಕ್ಕಿಂತ ಹೆಚ್ಚು ದುಡಿಯುವವರಿಗೆ ಈ ಮಿತಿ ನ್ಯಾಯವಲ್ಲವೆಂದೇ ನನ್ನ ಅಭಿಪ್ರಾಯ, ಆದರೆ ಸದ್ಯಕ್ಕೆ ಲೆಕ್ಕವನ್ನು ಅದರೊಳಗೇ ಮಾಡಬೇಕು. 15,000ದ ಶೇ 60 ಅಂದರೆ 9,000, ಅದನ್ನು 184.17ರಿಂದ ಗುಣಿಸಿದರೆ 16,57,530 ರೂಪಾಯಿ, ಅದರ ಶೇ 30 ಅಂದರೆ 4,97,259 ರೂಪಾಯಿ. ನಿಮಗೆ ಕೊಡಲು ಬಂದಿರುವುದು ಇದರ ಮೂರನೇ ಒಂದು ಪಾಲಿಗಿಂತಲೂ ಕಡಿಮೆ.

ಆಸ್ಪತ್ರೆಗೆ ಕಟ್ಟಿದ ಹಣವನ್ನು ಇದರಲ್ಲಿ ಕಳೆಯುವಂತಿಲ್ಲ. ಚಿಕಿತ್ಸೆಯ ನಿಜವಾದ ಖರ್ಚನ್ನು ಭರಿಸುವುದು ಮಾಲೀಕರ ಬೇರೆಯದೇ ಹೊಣೆ, ಅದು ಪರಿಹಾರದ ಭಾಗವಲ್ಲ. ಅಪಘಾತವಾಗಿ ಒಂದು ತಿಂಗಳೊಳಗೆ ಪರಿಹಾರ ಕೊಡದಿದ್ದರೆ ವರ್ಷಕ್ಕೆ ಶೇ 12ರ ಬಡ್ಡಿ ಸೇರುತ್ತದೆ, ನಿಮ್ಮ ಮೊತ್ತಕ್ಕೆ ಅದು ವರ್ಷಕ್ಕೆ ಸುಮಾರು 59,670 ರೂಪಾಯಿ ಆಗುತ್ತದೆ. ತಡಕ್ಕೆ ಸರಿಯಾದ ಕಾರಣವಿಲ್ಲವೆಂದು ಕಂಡುಬಂದರೆ ಪರಿಹಾರದ ಅರ್ಧದವರೆಗೆ ದಂಡವನ್ನೂ ವಿಧಿಸಬಹುದು.

ಗ್ಲೌಸಿನ ಮಾತಿಗೆ ಬರುತ್ತೇನೆ. ಬಹುತೇಕ ಎಲ್ಲ ಗುತ್ತಿಗೆದಾರರ ಬಾಯಲ್ಲೂ ಮೊದಲು ಬರುವ ಮಾತು ಇದೇ. ಕಾರ್ಮಿಕನ ಅಜಾಗರೂಕತೆ ಪರಿಹಾರಕ್ಕೆ ಅಡ್ಡಿಯಲ್ಲ. ಸುರಕ್ಷತೆಗೆಂದು ಸ್ಪಷ್ಟವಾಗಿ ಕೊಟ್ಟ ಆದೇಶವನ್ನು ಬೇಕೆಂದೇ ಮೀರಿದ, ರಕ್ಷಣಾ ಸಾಧನವನ್ನು ಬೇಕೆಂದೇ ತೆಗೆದುಹಾಕಿದ ಅಥವಾ ಅಮಲಿನಲ್ಲಿದ್ದುದರಿಂದಲೇ ಗಾಯವಾಯಿತೆಂದು ಮಾಲೀಕರು ಸಾಬೀತು ಮಾಡಬೇಕು. ಸಾವು ಅಥವಾ ಪೂರ್ಣ ಶಾಶ್ವತ ಅಂಗವೈಕಲ್ಯವಾಗಿದ್ದರೆ ಆ ವಾದಕ್ಕೂ ಅವಕಾಶವಿಲ್ಲ. ಅಲ್ಲದೆ, ಕೈಗವಸು ಹಾಕಿಕೊಂಡಿದ್ದರೆ ಬೆರಳು ಉಳಿಯುತ್ತಿತ್ತೇ ಎಂದು ನೀವೂ ಕೇಳಿ. ಸ್ಲಿಂಗ್ ಬಿಗಿಯುವಾಗ ತಂತಿ ಹಗ್ಗಕ್ಕೂ ದಿಮ್ಮಿಗೂ ನಡುವಿನ ಸಂದಿ ಕ್ಷಣಮಾತ್ರದಲ್ಲಿ ಮುಚ್ಚಿಕೊಳ್ಳುತ್ತದೆ, ಟನ್‌ಗಟ್ಟಲೆ ಭಾರದೆದುರು ಚರ್ಮದ ಗವಸು ಏನೂ ಮಾಡದು. ಅಲ್ಲಿ ಕೈಯನ್ನು ಕಾಯಬೇಕಾದದ್ದು ಸಿಗ್ನಲ್‌ಮ್ಯಾನ್. ಕೊಕ್ಕೆ ಹಾಕಿದವರು ಕೈ ತೆಗೆದು ಹಿಂದೆ ಸರಿದದ್ದನ್ನು ಕಣ್ಣಾರೆ ಕಂಡ ಮೇಲೆಯೇ ಆತ ಸಂಜ್ಞೆ ಮಾಡಬೇಕು, ಆ ಸಂಜ್ಞೆ ಇಲ್ಲದೆ ಕ್ರೇನ್ ಎತ್ತುವಂತಿಲ್ಲ. ಹಡಗಿನ ಹೋಲ್ಡಿನ, ಅಂದರೆ ಸರಕು ತುಂಬುವ ಒಳಕೋಣೆಯ, ಆಳದಲ್ಲಿರುವವರು ಮೇಲಿನ ಕ್ರೇನ್ ಚಾಲಕನಿಗೆ ಕಾಣುವುದೇ ಇಲ್ಲ. ಆದ್ದರಿಂದ ಆ ಪಾಳಿಯಲ್ಲಿ ಹ್ಯಾಚ್ (ಹೋಲ್ಡಿನ ಮೇಲಿನ ಬಾಗಿಲು) ಬಳಿ ಸಿಗ್ನಲ್‌ಮ್ಯಾನ್ ನಿಂತಿದ್ದರೇ, ಇದ್ದರೆ ಯಾರು ಎಂಬುದನ್ನು ನಿಮ್ಮ ಅರ್ಜಿಯಲ್ಲಿ ಮೊದಲೇ ಬರೆಯಿರಿ.

ಕೊಡಬೇಕಾದವರು ಯಾರು ಎಂಬುದನ್ನು ನೀವು ಕೇಳಿಲ್ಲ, ಆದರೆ ಪ್ರಕರಣಗಳು ಎಡವುವುದು ಅಲ್ಲಿಯೇ. ಮೇಸ್ತ್ರಿ ಗುತ್ತಿಗೆದಾರರನ್ನು ತೋರಿಸುತ್ತಾರೆ, ಗುತ್ತಿಗೆದಾರರು ಸ್ಟೀವಡೋರ್ ಕಂಪನಿಯನ್ನು (ಹಡಗಿನ ಸರಕು ಇಳಿಸುವ, ತುಂಬುವ ಕೆಲಸ ವಹಿಸಿಕೊಂಡ ಸಂಸ್ಥೆ) ತೋರಿಸುತ್ತಾರೆ, ಕಂಪನಿ ನಮ್ಮ ಪಟ್ಟಿಯಲ್ಲಿ ಆ ಹೆಸರೇ ಇಲ್ಲ ಎನ್ನುತ್ತದೆ. ತನ್ನ ವ್ಯವಹಾರದ ಭಾಗವಾದ ಕೆಲಸವನ್ನು ಗುತ್ತಿಗೆಗೆ ಕೊಟ್ಟವರು ಆ ಗುತ್ತಿಗೆಯ ಕಾರ್ಮಿಕನಿಗೂ ತಮ್ಮ ಸ್ವಂತ ಕಾರ್ಮಿಕನಿಗೆ ಕೊಡುವಂತೆಯೇ ಪರಿಹಾರ ಕೊಡಬೇಕು, ಆಮೇಲೆ ಬೇಕಿದ್ದರೆ ಗುತ್ತಿಗೆದಾರರಿಂದ ವಸೂಲಿ ಮಾಡಿಕೊಳ್ಳಬಹುದು. ಅವರ ನಡುವಿನ ಆ ಜಗಳ ಮುಗಿಯುವವರೆಗೆ ನೀವು ಕಾಯಬೇಕಾಗಿಲ್ಲ. ಅರ್ಜಿಯಲ್ಲಿ ಮೇಸ್ತ್ರಿ, ಗುತ್ತಿಗೆದಾರ, ಸ್ಟೀವಡೋರ್, ಅವರಿಗೆ ವಿಮೆ ಇದ್ದರೆ ವಿಮಾ ಕಂಪನಿ, ಎಲ್ಲರನ್ನೂ ಎದುರುದಾರರನ್ನಾಗಿ ಸೇರಿಸಿ.

ಚೀಟಿ ಇಲ್ಲದಿರುವುದು ದೊಡ್ಡ ಅಡ್ಡಿಯೇನಲ್ಲ. ದೊಡ್ಡ ಬಂದರುಗಳ ಒಳಗೆ ಗೇಟ್ ಪಾಸ್ ಇಲ್ಲದೆ ಯಾರೂ ಕಾಲಿಡುವಂತಿಲ್ಲ, ಯಾವ ಸಂಸ್ಥೆಯ ಪರವಾಗಿ ಪಾಸ್ ಪಡೆಯಲಾಗಿದೆ ಎಂಬುದು ಬಂದರಿನ ದಾಖಲೆಯಲ್ಲಿರುತ್ತದೆ. ಆ ಪಾಸ್ ಮನೆಯಲ್ಲಿದ್ದರೆ ಯಾರು ಕೇಳಿದರೂ ಕೊಡಬೇಡಿ. ಅಪಘಾತದ ನಂತರ ಲೆಕ್ಕ ಚುಕ್ತಾ ಮಾಡುತ್ತೇವೆಂದು ಮೊದಲು ವಾಪಸ್ ಕೇಳುವುದು ಅದನ್ನೇ. ಹಡಗಿನ ಹೆಸರು, ಬರ್ತ್ (ಹಡಗು ನಿಂತಿದ್ದ ಕಟ್ಟೆ) ಸಂಖ್ಯೆ, ಪಾಳಿ, ಜೊತೆಗಿದ್ದ ಇಬ್ಬರ ಫೋನ್ ನಂಬರ್ ಬರೆದಿಡಿ. ಆಸ್ಪತ್ರೆಯಲ್ಲಿ ಮೊದಲ ದಿನ ದಾಖಲಾದ ಎಂಎಲ್‌ಸಿ (ಗಾಯ ಹೇಗಾಯಿತೆಂದು ಆಸ್ಪತ್ರೆ ಬರೆದಿಡುವ ವೈದ್ಯಕೀಯ-ಕಾನೂನು ದಾಖಲೆ) ಪ್ರತಿಯನ್ನು ಕೇಳಿ ಪಡೆಯಿರಿ. ಕೆಲವು ಕಡೆ ಗಾಯಾಳುವನ್ನು ಕರೆತಂದವರು ಬಂದರಿನ ಮಾತೆತ್ತದೆ ಮನೆಯಲ್ಲಿ ಬಿದ್ದರು, ಬೈಕಿನಿಂದ ಬಿದ್ದರು ಎಂದು ಬರೆಸಿಬಿಡುತ್ತಾರೆ. ನಿಮ್ಮ ವಿಷಯದಲ್ಲಿ ಹಾಗಾಗಿದ್ದರೆ ತಡಮಾಡದೆ ಆಸ್ಪತ್ರೆಗೂ ಪೊಲೀಸ್ ಠಾಣೆಗೂ ಲಿಖಿತವಾಗಿ ತಿಳಿಸಿ. ಗುತ್ತಿಗೆದಾರರಿಗೆ ಅಪಘಾತದ ನೋಟಿಸನ್ನು ಇಂದೇ ರಿಜಿಸ್ಟರ್ಡ್ ಅಂಚೆಯಲ್ಲಿ ಕಳಿಸಿ. ಅರ್ಜಿಗೆ ಎರಡು ವರ್ಷಗಳ ಗಡುವು ಇದೆಯೆಂದು ಎಣಿಸಿಕೊಳ್ಳಿ. ಅರ್ಜಿ ಹಾಕಲು ಕರಾವಳಿಗೆ ಹೋಗಬೇಕಾಗಿಲ್ಲ, ನೀವು ವಾಸವಿರುವ ಕೊಪ್ಪಳ ಜಿಲ್ಲೆಯಲ್ಲೇ ಹಾಕಬಹುದು.

ಇನ್ನೊಂದು ಮಾತು. ಅನುಸೂಚಿಯ ಶೇಕಡಾವಾರು ಕೊನೆಯ ಮಾತೇನಲ್ಲ. ಒಡಿಶಾದ ಬಡಗಿಯೊಬ್ಬರು ಎಡಗೈಯನ್ನು ಮೊಣಕೈ ಮೇಲಿನಿಂದ ಕಳೆದುಕೊಂಡಾಗ, ಒಂದೇ ಕೈಯಿಂದ ಬಡಗಿ ಕೆಲಸ ಮಾಡಲಾಗದ ಕಾರಣ ಅದು ಪೂರ್ಣ ಅಂಗವೈಕಲ್ಯವೇ ಎಂದು ಸುಪ್ರೀಂ ಕೋರ್ಟ್ 1975ರ ಡಿಸೆಂಬರಿನಲ್ಲಿ ಪ್ರತಾಪ್ ನಾರಾಯಣ್ ಸಿಂಗ್ ದೇವ್ ಪ್ರಕರಣದಲ್ಲಿ ಎತ್ತಿಹಿಡಿಯಿತು. ಹೆಬ್ಬೆರಳಿಗೆ ಅಷ್ಟು ಸಿಗುತ್ತದೆಂದು ನಾನು ಆಸೆ ಹುಟ್ಟಿಸುವುದಿಲ್ಲ. ಆದರೆ ಬಲಗೈಯ ಹಿಡಿತವೇ ಹೋಗಿ ಹಗ್ಗ, ಕೊಕ್ಕೆ ಹಿಡಿಯಲಾಗದ ಸ್ಥಿತಿ ಇದ್ದರೆ ಅದನ್ನು ಮೂಳೆ ತಜ್ಞರ ಸಾಕ್ಷ್ಯದ ಮೂಲಕ ಆಯುಕ್ತರ ಮುಂದಿಡಲು ವಕೀಲರಿಗೆ ಹೇಳಿ.

ಪ್ರಶ್ನೆ: ನನ್ನ ತಮ್ಮನಿಗೆ 35 ವರ್ಷವಾಗಿತ್ತು. ದಿಮ್ಮಿ ತುಂಬಿದ್ದ ಹಡಗಿನ ಹೋಲ್ಡಿಗೆ ಇಳಿದ ಒಬ್ಬರು ಏಣಿಯ ಬುಡದಲ್ಲಿ ಕುಸಿದರು, ಅವರನ್ನು ಎತ್ತಲು ಇಳಿದ ನನ್ನ ತಮ್ಮನೂ ಅಲ್ಲೇ ಪ್ರಾಣ ಬಿಟ್ಟ. ಇಳಿ ಎಂದು ಯಾರೂ ಹೇಳಿರಲಿಲ್ಲ, ತಾನಾಗಿಯೇ ಹೋದ, ಆದ್ದರಿಂದ ಪರಿಹಾರ ಬರುವುದಿಲ್ಲ ಎನ್ನುತ್ತಿದ್ದಾರೆ. ನಾದಿನಿಯ ಕೈಗೆ ಸ್ವಲ್ಪ ನಗದು ಕೊಟ್ಟು ಹೋಗಿದ್ದಾರೆ. ಅವಳಿಗೆ ಇಬ್ಬರು ಚಿಕ್ಕ ಮಕ್ಕಳು, ನಮ್ಮ ತಾಯಿಯೂ ಅವರ ಜೊತೆಗಿದ್ದಾರೆ.

ಉತ್ತರ: ನಿಮ್ಮ ತಮ್ಮನಂತೆ ಸತ್ತವರು ಜಗತ್ತಿನ ಎಲ್ಲ ಬಂದರುಗಳಲ್ಲೂ ಇದ್ದಾರೆ. ಮೊದಲು ಬಿದ್ದವನಿಗಿಂತ ಅವನನ್ನು ಉಳಿಸಲು ಹೋದವರೇ ಹೆಚ್ಚು ಸಾಯುವುದು ಈ ಬಗೆಯ ಅಪಘಾತದ ಲಕ್ಷಣ. ನಾವು ಉಸಿರಾಡುವ ಗಾಳಿಯಲ್ಲಿ ಶೇ 20.9ರಷ್ಟು ಆಮ್ಲಜನಕ ಇರುತ್ತದೆ. ಹಸಿ ದಿಮ್ಮಿ, ಕಲ್ಲಿದ್ದಲು, ತುಕ್ಕು ಹಿಡಿಯುವ ಗುಜರಿ ಕಬ್ಬಿಣ ಇವನ್ನೆಲ್ಲ ತುಂಬಿ ಹ್ಯಾಚ್ ಮುಚ್ಚಿದ ಹೋಲ್ಡಿನಲ್ಲಿ ಹಡಗು ದಿನಗಟ್ಟಲೆ ಸಾಗುವಾಗ ಸರಕೇ ಆ ಆಮ್ಲಜನಕವನ್ನು ಹೀರಿಕೊಳ್ಳುತ್ತದೆ. ಹ್ಯಾಚ್ ತೆರೆದ ಮೇಲೂ ಹೋಲ್ಡಿನ ಪಕ್ಕದ ಇಕ್ಕಟ್ಟಾದ ಏಣಿಯ ಕೋಣೆಯಲ್ಲಿ ಕೆಟ್ಟ ಗಾಳಿ ಹಾಗೆಯೇ ನಿಂತಿರುತ್ತದೆ. ಆಮ್ಲಜನಕ ಶೇ 10ಕ್ಕಿಂತ ಕೆಳಗಿಳಿದ ಕಡೆ ಮನುಷ್ಯ ಬೇಗನೆ ಎಚ್ಚರ ತಪ್ಪಿ ಬೀಳುತ್ತಾನೆ, ಇನ್ನೂ ಕಡಿಮೆಯಿದ್ದರೆ ಒಂದೆರಡು ಉಸಿರಿನಲ್ಲೇ ಬೀಳುತ್ತಾನೆ. ಆಮ್ಲಜನಕ ಕಡಿಮೆಯಾದ ಆ ಗಾಳಿಗೆ ವಾಸನೆಯಿಲ್ಲ, ಬಣ್ಣವಿಲ್ಲ. ಮುಖಕ್ಕೆ ಕಟ್ಟಿಕೊಳ್ಳುವ ಧೂಳಿನ ಮಾಸ್ಕ್, ಗಾಳಿಯಲ್ಲೇ ಇಲ್ಲದ ಆಮ್ಲಜನಕವನ್ನು ತಂದುಕೊಡುವುದಿಲ್ಲ. ಕಲ್ಲಿದ್ದಲಿನಿಂದ ಮೀಥೇನ್ ಮತ್ತು ಕಾರ್ಬನ್ ಮಾನಾಕ್ಸೈಡ್ ಹೊರಬರುತ್ತವೆ. ಹುಳ ಹಿಡಿಯದಂತೆ ಅಲ್ಯೂಮಿನಿಯಂ ಫಾಸ್ಫೈಡ್ ಮಾತ್ರೆ ಇಟ್ಟ ಧಾನ್ಯದ ಹೋಲ್ಡಿನಲ್ಲಿ ಫಾಸ್ಫೀನ್ ಎಂಬ ವಿಷಾನಿಲ ಇರುತ್ತದೆ. ಇದಕ್ಕೆಲ್ಲ ಇರುವುದು ಒಂದೇ ಉಪಾಯ: ಮನುಷ್ಯ ಇಳಿಯುವ ಮೊದಲು ಮಾಪಕವನ್ನು ಹಗ್ಗದಲ್ಲಿ ಇಳಿಸಿ ಮೇಲೆ, ನಡುವೆ, ತಳದಲ್ಲಿ ಗಾಳಿಯನ್ನು ಅಳೆಯುವುದು, ಮತ್ತು ಉಸಿರಾಟದ ಸಿಲಿಂಡರ್ ತೊಟ್ಟ ರಕ್ಷಕರನ್ನು ಹ್ಯಾಚ್ ಬಳಿ ಸಿದ್ಧವಾಗಿಡುವುದು. ಹಾಗೆ ಅಳೆದ ದಾಖಲೆ ಇದೆಯೇ ಎಂದು ನಿಮ್ಮ ವಕೀಲರು ಕೇಳಲಿ. ಇಲ್ಲದಿದ್ದರೆ ನಿಮ್ಮ ತಮ್ಮ ತಾನಾಗಿ ಇಳಿದ ಎಂದು ದೂರಲು ಅವರಿಗೆ ಬಾಯಿಯೇ ಇರುವುದಿಲ್ಲ.

ಕೆಲಸದ ಜಾಗದಲ್ಲಿ ಕೆಲಸದ ಅವಧಿಯಲ್ಲಿ ಜೊತೆಗಾರನನ್ನು ಉಳಿಸಲು ಹೋಗುವುದು ಕೆಲಸಕ್ಕೆ ಹೊರತಾದ ಕ್ರಿಯೆಯಲ್ಲ. ತುರ್ತು ಸಂದರ್ಭದಲ್ಲಿ ನೆರವಿಗೆ ಹೋಗಿ ಆದ ಅಪಘಾತವನ್ನು ಇಎಸ್‌ಐ (ನೌಕರರ ರಾಜ್ಯ ವಿಮೆ) ಕಾನೂನು ಸ್ಪಷ್ಟ ಶಬ್ದಗಳಲ್ಲೇ ಕೆಲಸದ ಅಪಘಾತವೆಂದು ಗಣಿಸಿದೆ, ಅದೇ ತತ್ತ್ವವನ್ನು ನಿಮ್ಮ ಪರವಾಗಿಯೂ ವಾದಿಸಬಹುದು. ಜೊತೆಗೆ, ಸಾವಿನ ಪ್ರಕರಣದಲ್ಲಿ ಆದೇಶ ಮೀರಿದ ಎಂಬ ವಾದವೇ ನಿಲ್ಲುವುದಿಲ್ಲವೆಂದು ಮೊದಲ ಉತ್ತರದಲ್ಲಿ ಹೇಳಿದ್ದೇನೆ.

ಸಾವಿಗೆ ಕೂಲಿಯ ಶೇ 50ನ್ನು ಗುಣಕದಿಂದ ಗುಣಿಸುತ್ತಾರೆ. ನಿಮ್ಮ ತಮ್ಮನ ಕೂಲಿ 15,000 ಅಥವಾ ಅದಕ್ಕಿಂತ ಹೆಚ್ಚಿದ್ದರೆ 7,500ನ್ನು 35 ವರ್ಷದ ಗುಣಕವಾದ 197.06ರಿಂದ ಗುಣಿಸಿ 14,77,950 ರೂಪಾಯಿ ಆಗುತ್ತದೆ. ಈ ಹಣವನ್ನು ಮಾಲೀಕರು ಆಯುಕ್ತರಲ್ಲಿ ಠೇವಣಿ ಇಡಲೇಬೇಕು. ಮುಂಗಡವಾಗಿ ಮೂರು ತಿಂಗಳ ಕೂಲಿಯಷ್ಟನ್ನು ಕುಟುಂಬಕ್ಕೆ ಕೊಡಬಹುದು, ಅದನ್ನು ಬಿಟ್ಟರೆ ಹೆಂಡತಿಯ ಕೈಗೆ ನೇರವಾಗಿ ಕೊಟ್ಟ ಹಣ ಪರಿಹಾರ ಕೊಟ್ಟಂತೆ ಆಗುವುದೇ ಇಲ್ಲ. ಆಯುಕ್ತರು ಹೆಂಡತಿ, ಮಕ್ಕಳು ಮತ್ತು ಅವನನ್ನು ಅವಲಂಬಿಸಿದ್ದ ತಾಯಿಯ ನಡುವೆ ಹಂಚಿಕೆ ಮಾಡಿ ಮಕ್ಕಳ ಪಾಲನ್ನು ಅವರ ಹೆಸರಿನಲ್ಲಿ ಇಡಿಸುತ್ತಾರೆ. ನಾದಿನಿಗೆ ಕೊಟ್ಟ ನಗದಿಗೆ ಯಾವುದಾದರೂ ಕಾಗದಕ್ಕೆ ಸಹಿ ಪಡೆದಿದ್ದರೆ ಅದರ ಪ್ರತಿ ಕೇಳಿ. ಅಪಘಾತವನ್ನು ಡಾಕ್ ಸುರಕ್ಷತಾ ಇನ್‌ಸ್ಪೆಕ್ಟರರಿಗೆ ತಿಳಿಸುವುದು ಕಡ್ಡಾಯವಾಗಿತ್ತು. ದೊಡ್ಡ ಬಂದರುಗಳಲ್ಲಿ ಈ ಕಚೇರಿ ಕೇಂದ್ರ ಕಾರ್ಮಿಕ ಸಚಿವಾಲಯದ ಅಧೀನದಲ್ಲಿದೆ, ಪಣಂಬೂರಿನ ನವ ಮಂಗಳೂರು ಬಂದರಿಗೂ ಅದು ಇದೆ. ಇನ್‌ಸ್ಪೆಕ್ಟರರ ವರದಿಯ ಪ್ರತಿಯನ್ನು ಮಾಹಿತಿ ಹಕ್ಕಿನಡಿ ಕೇಳಿ, ನಿಮ್ಮ ಪ್ರಕರಣದಲ್ಲಿ ಅದಕ್ಕಿಂತ ಬಲವಾದ ದಾಖಲೆ ಬೇರೆ ಇರಲಾರದು.

ಪ್ರಶ್ನೆ: ನಾನು ಮಂಜಿಗಳಿಗೆ (ಸರಕು ಸಾಗಿಸುವ ಮರದ ಹಡಗು) ಮೂಟೆ ಹೊರುವ ಹಮಾಲಿ. ಇವತ್ತು ಒಬ್ಬರ ಸರಕು, ನಾಳೆ ಇನ್ನೊಬ್ಬರದು. ಹಲಗೆ ಜಾರಿ ಬಿದ್ದು ಸೊಂಟ ಹೋಗಿದೆ. ಕಾಯಂ ಕೆಲಸದವನಲ್ಲದ ನನಗೆ ಏನಾದರೂ ಸಿಗುತ್ತದೆಯೇ?

ಉತ್ತರ: ಸಿಗುತ್ತದೆ, ಆದರೆ ಕಷ್ಟಪಡಬೇಕಾಗುತ್ತದೆ. ಆಗೊಮ್ಮೆ ಈಗೊಮ್ಮೆ ಕೆಲಸಕ್ಕೆ ಕರೆಸಿಕೊಂಡವರನ್ನು ಹೊರಗಿಡುತ್ತಿದ್ದ ಮಾತನ್ನು 2000ದ ತಿದ್ದುಪಡಿಯಲ್ಲಿ ತೆಗೆದುಹಾಕಲಾಗಿದೆ. ಹಡಗು, ದೋಣಿಗಳಿಗೆ ಸರಕು ತುಂಬುವ, ಇಳಿಸುವ ಕೆಲಸವನ್ನು ಕಾನೂನು ಹೆಸರಿಸಿಯೇ ಒಳಗೊಂಡಿದೆ, ಸಣ್ಣ ಬಂದರೆಂಬ ಕಾರಣಕ್ಕೆ ಅದು ಬದಲಾಗದು. ಅಲ್ಲಿ ಸುರಕ್ಷತೆಯ ಹೊಣೆ ಕೇಂದ್ರದ ಬದಲು ರಾಜ್ಯ ಸರ್ಕಾರದ್ದು, ಅಷ್ಟೇ. ಕಷ್ಟವಿರುವುದು ಆ ದಿನ ನಿಮ್ಮನ್ನು ಕರೆಸಿಕೊಂಡವರು ಯಾರೆಂದು ತೋರಿಸುವುದರಲ್ಲಿ. ಆ ದಿನದ ಸರಕಿನ ಮಾಲೀಕರ ಅಥವಾ ಏಜೆಂಟರ ಹೆಸರು, ಕೂಲಿ ಕೊಟ್ಟವರು, ಯುಪಿಐ ಮೂಲಕ ಬಂದಿದ್ದರೆ ಅದರ ವಿವರ ಇವನ್ನು ಹಿಡಿದುಕೊಂಡೇ ಹೋಗಬೇಕು. ವರ್ಷಾನುಗಟ್ಟಲೆ ಹೊತ್ತು ಸವೆದ ಸೊಂಟಕ್ಕೆ ಪರಿಹಾರ ಕೊಡಿಸುವುದು ಬಹಳ ಕಷ್ಟ, ಆದರೆ ನೀವು ಹೇಳುವಂತೆ ಇಂಥ ದಿನ, ಇಂಥ ಹಲಗೆಯ ಮೇಲೆ ಜಾರಿ ಬಿದ್ದದ್ದು ಅಪಘಾತವೇ. ಹಳೆಯ ಸೊಂಟನೋವು ಇತ್ತೆಂಬ ಕಾರಣಕ್ಕೆ ಅದು ಅಪಘಾತವಲ್ಲವೆಂದು ಆಗುವುದಿಲ್ಲ. ಬಿದ್ದ ದಿನವೇ ತೆಗೆಸಿದ ಎಕ್ಸ್‌ರೇ ಇದ್ದರೆ ಜೋಪಾನವಾಗಿಡಿ.

ಇದರ ಹೊರತಾಗಿ, ರಾಜ್ಯದ ಅಸಂಘಟಿತ ಕಾರ್ಮಿಕರ ಸಾಮಾಜಿಕ ಭದ್ರತಾ ಮಂಡಳಿಯಲ್ಲಿ ಹಮಾಲರು ನೋಂದಾಯಿಸಿಕೊಳ್ಳಬಹುದು. ವರ್ಷಕ್ಕೆ 20 ರೂಪಾಯಿಯ ಪ್ರಧಾನಮಂತ್ರಿ ಸುರಕ್ಷಾ ಬಿಮಾ ಯೋಜನೆಯಲ್ಲಿ ಅಪಘಾತದ ಸಾವಿಗೆ 2 ಲಕ್ಷ ರೂಪಾಯಿ ಇದೆ. ಈಗಾಗಲೇ ಆದ ಗಾಯಕ್ಕೆ ಇವು ಒದಗುವುದಿಲ್ಲ, ನಿಮ್ಮ ಜೊತೆಗಾರರಿಗೆ ಹೇಳಿ.

ಪ್ರಶ್ನೆ: ಕಂಪನಿಯವರು ಇಎಸ್‌ಐ ಕಟ್ಟುತ್ತಾರೆ. ಕಂಟೇನರ್ ಲ್ಯಾಶಿಂಗ್ (ಕಂಟೇನರನ್ನು ಹಡಗಿಗೆ ಬಿಗಿದಿಡುವ ಕಟ್ಟು) ಬಿಚ್ಚುವಾಗ ಸರಳು ಕಣ್ಣಿಗೆ ಬಡಿದು ಎಡಗಣ್ಣು ಹೋಗಿದೆ. ಇಎಸ್‌ಐ ಮತ್ತು ಪರಿಹಾರ ಎರಡನ್ನೂ ಪಡೆಯಬಹುದೇ?

ಉತ್ತರ: ಎರಡನ್ನೂ ಒಟ್ಟಿಗೆ ಪಡೆಯಲಾಗದು. ಇಎಸ್‌ಐ ವಿಮೆ ಇದ್ದವರು ಅದೇ ಗಾಯಕ್ಕೆ ಮಾಲೀಕರಿಂದ ಬೇರೆ ಪರಿಹಾರ ಕೇಳುವಂತಿಲ್ಲ. ಆದರೆ ಅದರಿಂದ ನಷ್ಟವೇ ಎಂದು ತಿಳಿಯಬೇಡಿ. ಕೆಲಸಕ್ಕೆ ಹೋಗಲಾಗದ ದಿನಗಳಿಗೆ ಸರಾಸರಿ ಕೂಲಿಯ ಶೇ 90ರಷ್ಟು ಸಿಗುತ್ತದೆ, ಆಮೇಲೆ ವೈದ್ಯಕೀಯ ಮಂಡಳಿ ನಿರ್ಧರಿಸಿದ ಗಳಿಕೆಯ ನಷ್ಟದ ಪ್ರಮಾಣದಲ್ಲಿ ಜೀವನಪರ್ಯಂತ ತಿಂಗಳು ತಿಂಗಳು ಬರುತ್ತದೆ. ಇನ್ನೊಂದು ಕಣ್ಣು ಸರಿಯಿದ್ದು ಒಂದು ಕಣ್ಣೇ ಹೋದರೆ ನಷ್ಟ ಶೇ 40 ಎಂದು ಅನುಸೂಚಿ ಹೇಳುತ್ತದೆ. ಅಪಘಾತದ ವರದಿಯನ್ನು ಕಂಪನಿ ಇಎಸ್‌ಐ ಶಾಖೆಗೆ ಕಳಿಸಿದೆಯೇ ಎಂದು ಮಾತ್ರ ನೀವೇ ಹೋಗಿ ವಿಚಾರಿಸಿ. ಅದನ್ನು ಸಾಮಾನ್ಯ ಕಾಯಿಲೆ ಎಂದು ದಾಖಲಿಸಿದ್ದರೆ ಸಿಗುವುದು ಬಹಳ ಕಡಿಮೆ.

ಪ್ರಶ್ನೆ: ರಾತ್ರಿ ಪಾಳಿ ಮುಗಿಸಿ ಬೈಕಿನಲ್ಲಿ ಮನೆಗೆ ಬರುವಾಗ ಬಂದರಿನ ಗೇಟಿನಿಂದ ಎರಡು ಕಿಲೋಮೀಟರ್ ದೂರದಲ್ಲಿ ಲಾರಿ ಗುದ್ದಿ ಕಾಲು ಮುರಿದಿದೆ. ಇದು ಕೆಲಸದ ಅಪಘಾತವೇ?

ಉತ್ತರ: ಈ ಪ್ರಶ್ನೆಗೆ ದಶಕಗಳ ಕಾಲ ಇದ್ದ ಉತ್ತರ ಬೇರೆ, ಈಗಿನದು ಬೇರೆ. ಪೋರಬಂದರಿನ ಉಪ್ಪಿನ ಕಾರ್ಖಾನೆಯ ಕಾರ್ಮಿಕರು ಕೆಲಸ ಮುಗಿಸಿ ದೋಣಿಯಲ್ಲಿ ಹಿನ್ನೀರು ದಾಟುವಾಗ ಮುಳುಗಿ ಸತ್ತ ಪ್ರಕರಣದಲ್ಲಿ, ಸಾರ್ವಜನಿಕ ದಾರಿಗೆ ಬಂದ ಮೇಲೆ ಕೆಲಸದ ಅವಧಿ ಮುಗಿಯಿತೆಂದು ಹೇಳಿ 1958ರಲ್ಲಿ ಸುಪ್ರೀಂ ಕೋರ್ಟ್ ಪರಿಹಾರ ನಿರಾಕರಿಸಿತ್ತು. ಆದರೆ 2025ರ ಜುಲೈನಲ್ಲಿ ದೈವಶಾಲಾ ಪ್ರಕರಣದಲ್ಲಿ, ಸಕ್ಕರೆ ಕಾರ್ಖಾನೆಗೆ ಕೆಲಸಕ್ಕೆ ಹೋಗುತ್ತಿದ್ದ ಕಾವಲುಗಾರ ದಾರಿಯಲ್ಲಿ ಮೃತಪಟ್ಟದ್ದನ್ನು ಅದೇ ನ್ಯಾಯಾಲಯ ಕೆಲಸದ ಅಪಘಾತವೆಂದು ಒಪ್ಪಿತು. ಹೊತ್ತು, ಜಾಗ, ಸಂದರ್ಭ ಇವುಗಳಿಗೂ ಕೆಲಸಕ್ಕೂ ನಂಟಿರಬೇಕು ಎಂಬುದೊಂದೇ ಷರತ್ತು. ಹೊಸ ಸಂಹಿತೆಯಲ್ಲೂ ಇದನ್ನು ಸೇರಿಸಲಾಗಿದೆ. ಪಾಳಿ ಮುಗಿದ ಹೊತ್ತು, ಗೇಟಿನಿಂದ ಹೊರಬಿದ್ದ ದಾಖಲೆ, ಮನೆಯ ನೇರ ದಾರಿ ಇವು ಮೂರೂ ಹೊಂದಿಕೊಂಡರೆ ನಿಮ್ಮ ಅರ್ಜಿ ನಿಲ್ಲುತ್ತದೆ. ಲಾರಿಯವರ ಮೇಲೆ ಮೋಟಾರು ವಾಹನ ಅಪಘಾತ ನ್ಯಾಯಮಂಡಳಿಗೂ ಹೋಗಬಹುದು, ಆದರೆ ಎರಡರಲ್ಲಿ ಒಂದನ್ನು ಮಾತ್ರ ಆರಿಸಿಕೊಳ್ಳಬೇಕು. ನ್ಯಾಯಮಂಡಳಿಯಲ್ಲಿ 15,000ದ ಕೂಲಿ ಮಿತಿ ಇಲ್ಲ, ನಿಮ್ಮ ಗಳಿಕೆ ಅದಕ್ಕಿಂತ ಹೆಚ್ಚಿದ್ದು ಲಾರಿಯದ್ದೇ ತಪ್ಪೆಂದು ಎಫ್‌ಐಆರ್‌ನಲ್ಲಿ ದಾಖಲಾಗಿದ್ದರೆ ಅಲ್ಲಿಗೆ ಹೋಗುವುದೇ ಲೇಸು.